ಗೋಡೆಯ ಈಚೆಗಿಟ್ಟ ಮೈಕು

ಅಡುಗೆಮನೆಯಿಂದ ಅತ್ತಿಗೆ ಕರೆದದ್ದಕ್ಕೂ ನಾನು ಚಿತ್ರ ಮಾಡುತ್ತಿದ್ದ ಈ ಹೆಂಗಸು ಓಗೊಟ್ಟದ್ದಕ್ಕೂ ನಡುವೆ ಪ್ರತಿ ಸಲ ಏಳೆಂಟು ಸೆಕೆಂಡು ಖಾಲಿ ಹೋಗುತ್ತಿತ್ತು. ಕರೆ ಕೇಳಿದ ಕೂಡಲೇ ಇವರು ಕೈಯಲ್ಲಿದ್ದುದನ್ನು ಕೆಳಗಿಟ್ಟು, ಎದ್ದು, ಅಡುಗೆಮನೆಯ ಬಾಗಿಲವರೆಗೆ ಹೋಗಿ, ಒಳಗೆ ಇಣುಕಿ, ಆಮೇಲೆ "ಎಂತ?" ಎನ್ನುತ್ತಿದ್ದರು. ಕೂತಲ್ಲಿಂದ ಒಂದು ಸಲವೂ ಉತ್ತರ ಕೊಟ್ಟವರಲ್ಲ. ಮೊದಲ ದಿನದ ಚಿತ್ರೀಕರಣದಲ್ಲೇ ಇಂಥವು ಆರು ಸಿಕ್ಕವು. ಸಿರ್ಸಿಗೆ ವಾಪಸು ಬಂದು ಎಡಿಟಿಂಗಿಗೆ ಕೂತ ನಾನು ಆರನ್ನೂ ಕತ್ತರಿಸಿ ಬಿಸಾಡಿದೆ. ಕರೆದದ್ದನ್ನೂ ಓಗೊಟ್ಟದ್ದನ್ನೂ ಒಂದಕ್ಕೊಂದು ಅಂಟಿಸಿದೆ. ನೋಡುವುದಕ್ಕೆ ಚೆನ್ನಾಗಿಯೇ ಇತ್ತು.

ನನ್ನ ಕೈ ಪಳಗಿದ್ದು ಮದುವೆ ವಿಡಿಯೊಗಳಲ್ಲಿ. ಖಾಲಿ ಜಾಗ ಕಂಡರೆ ನನಗೆ ಕೈ ತುರಿಸುತ್ತದೆ. ಧಾರೆಗೂ ಹೋಮಕ್ಕೂ ನಡುವೆ ಪುರೋಹಿತರು ತುಪ್ಪದ ತಂಬಿಗೆ ಹುಡುಕಿದ ಹತ್ತು ನಿಮಿಷ ಯಾರಿಗೆ ಬೇಕು? ಅಲ್ಲಿ ಸ್ಥಳದ ಶಬ್ದವೂ ಬೇಡ. ಎಲ್ಲವನ್ನೂ ಒರೆಸಿ ಮೇಲೊಂದು ಕೊಳಲು ಹಾಕಿದರೆ ಎರಡೂ ಕಡೆಯ ಬೀಗರು ಖುಷಿ. ಇಂಥ ನನ್ನನ್ನು ಸಿದ್ದಾಪುರದ ಒಂದು ಸಣ್ಣ ಸೇವಾ ಬಳಗದವರು ಕರೆದು ಸಾಕ್ಷ್ಯಚಿತ್ರ ಮಾಡಿಕೊಡಿ ಎಂದಾಗ, ಅವರಿಗೆ ವಿಳಾಸ ತಪ್ಪಿದೆ ಎಂದೇ ಎಣಿಸಿದ್ದೆ. ಅವರು ಮೂರು ತಾಲೂಕುಗಳಲ್ಲಿ ತಿಂಗಳಿಗೊಮ್ಮೆ ಮನೋರೋಗ ಚಿಕಿತ್ಸೆಯ ಶಿಬಿರ ನಡೆಸುವವರು. ವೈದ್ಯರು ಮಾತಾಡುವ ಚಿತ್ರಗಳು ಬೇಕಾದಷ್ಟಿವೆ, ಕಾಯಿಲೆ ಕಂಡವರ ಕಡೆಯಿಂದ ಒಂದು ಬೇಕು, ಹೆಂಗಸೊಬ್ಬಳು ಕ್ಯಾಮೆರಾ ಹಿಡಿದರೆ ಒಳ್ಳೆಯದು ಎಂದರು. ನಾನು ಒಪ್ಪಿಕೊಂಡೆ. ಎಷ್ಟಾದರೂ ಕ್ಯಾಮೆರಾ ಕ್ಯಾಮೆರಾವೇ ಎಂಬ ಜಂಬ ನನಗಿತ್ತು.

ಚಿತ್ರಕ್ಕೆ ಒಪ್ಪಿದವರು ಯಲ್ಲಾಪುರ ತಾಲೂಕಿನ, ಇಡಗುಂದಿಯಿಂದ ಇನ್ನೂ ಒಳಗಿನ ಹಳ್ಳಿಯೊಂದರ ಹೆಂಗಸು. ವಯಸ್ಸು ಐವತ್ತರ ಆಸುಪಾಸು. ಗಂಡ ತೀರಿಕೊಂಡ ಮೇಲೆ ತವರಿಗೆ ಬಂದು ಅಣ್ಣ, ಅತ್ತಿಗೆಯ ಜೊತೆ ಇರುವವರು. ಅರಣ್ಯ ಇಲಾಖೆಯ ನರ್ಸರಿಯಲ್ಲಿ ಸಸಿಯ ಪ್ಲಾಸ್ಟಿಕ್ ಕೊಟ್ಟೆಗಳಿಗೆ ಮಣ್ಣು ತುಂಬುವುದು ಅವರ ಕೆಲಸ. ಹನ್ನೊಂದು ವರ್ಷದಿಂದ ಸ್ಕಿಜೋಫ್ರೇನಿಯಾಕ್ಕೆ ಮಾತ್ರೆ ತೆಗೆದುಕೊಳ್ಳುತ್ತಿದ್ದಾರೆ. ಚಿತ್ರದಲ್ಲಿ ಅವರ ಹೆಸರಿಲ್ಲ, ಇಲ್ಲಿಯೂ ಬೇಡ. ನಾನು ಅವರನ್ನು ಅಕ್ಕ ಎಂದೇ ಕರೆದೆ. ಮುಖ ತೋರಿಸುವುದಕ್ಕೆ ಅವರ ತಕರಾರಿರಲಿಲ್ಲ. ಒಂದೇ ಷರತ್ತು ಹಾಕಿದ್ದರು: ಚಿತ್ರ ಮುಗಿದ ಮೇಲೆ ಮೊದಲು ಅವರ ಊರಲ್ಲಿ, ಊರಿನ ಹಿರಿಯರ ಎದುರು ತೋರಿಸಬೇಕು. ಯಾಕೆಂದು ನಾನು ಕೇಳಲಿಲ್ಲ. ಊರವರ ಎದುರು ಒಮ್ಮೆ ಕಾಣಿಸಿಕೊಳ್ಳುವ ಆಸೆ ಯಾರಿಗಿಲ್ಲ ಎಂದುಕೊಂಡು ಸುಮ್ಮನಾದೆ.

ಹತ್ತು ನಿಮಿಷದ ಮೊದಲ ಕರಡನ್ನು ನರ್ಸರಿಯಲ್ಲೇ ತೋರಿಸಿದೆ, ಊಟದ ಬಿಡುವಿನಲ್ಲಿ, ಹಸಿರು ಬಲೆಯ ನೆರಳಿನಡಿ. ಬಿಸಿಲು ಹೊಡೆಯದಂತೆ ಲ್ಯಾಪ್‌ಟಾಪನ್ನು ರಟ್ಟಿನ ಪೆಟ್ಟಿಗೆಯೊಳಗೆ ಇಟ್ಟಿದ್ದೆ. ಅಕ್ಕ ಮಂಡಿ ಮಡಚಿ ಕೂತು ಕದಲದೆ ನೋಡಿದರು. ಮುಗಿದ ಮೇಲೆ, ಇದರಲ್ಲಿ ಅಳುವುದು ಯಾರು ಎಂದು ಕೇಳಿದರು. ಯಾರೂ ಅಳುವುದಿಲ್ಲವಲ್ಲ ಎಂದೆ. "ಆ ಪೀಪಿ ಅಳ್ತದಲ್ಲ," ಎಂದರು. ನಾನು ಹಾಕಿದ ಕೊಳಲು. ನಗು ಬಂದರೂ ತಡೆದುಕೊಂಡೆ, ಯಾಕೆಂದರೆ ಅವರು ನಗುತ್ತಿರಲಿಲ್ಲ. ಆಮೇಲೆ ಅವರು ಎರಡನೆಯದನ್ನು ಕೇಳಿದರು. ಅತ್ತಿಗೆ ಕರೆದಾಗ ತಾನು ಎದ್ದು ಹೋಗಿ ನೋಡುವುದು ಎಲ್ಲಿ ಹೋಯಿತು? ಅಲ್ಲೇನೂ ನಡೆಯುವುದಿಲ್ಲ, ನೋಡುವವರಿಗೆ ಬೇಜಾರು, ಅದಕ್ಕೇ ತೆಗೆದೆ ಎಂದು ನಾನು ದೊಡ್ಡ ಪಂಡಿತೆಯ ಹಾಗೆ ವಿವರಿಸಿದೆ.

"ಗೋಡೆ ಆಚಿಂದ ಬಂದ ಮಾತಿಗೆ ನಾ ಕೂತಲ್ಲೇ ಉತ್ರ ಕೊಡೂದಿಲ್ಲ ತಂಗಿ," ಎಂದರು ಅಕ್ಕ. "ಹೋಗಿ ಬಾಯಿ ನೋಡೂದು. ಬಾಯಿ ಆಡ್ತಾ ಇದ್ರೆ ಅದು ಅವ್ರ ಮಾತು. ಇಲ್ದಿದ್ರೆ ಅದು ನಂದು. ಮಾತ್ರೆ ಡಾಕ್ಟ್ರು ಕೊಟ್ಟದ್ದು. ಇದು ನಾನೇ ಕಂಡ್ಕೊಂಡದ್ದು."

ನನಗೆ ನಿಂತ ನೆಲ ಬಾಯಿಬಿಡಬಾರದೇ ಅನ್ನಿಸಿತು. ರೋಗಿಯ ಕಡೆಯಿಂದ ಚಿತ್ರ ಮಾಡುತ್ತೇನೆಂದು ಹೊರಟವಳು, ರೋಗಿ ಸ್ವಂತ ಬುದ್ಧಿಯಿಂದ ಕಟ್ಟಿಕೊಂಡಿದ್ದ ಒಂದೇ ಒಂದು ಉಪಾಯವನ್ನು ಹುಡುಕಿ ಹುಡುಕಿ ಕಸದ ಬುಟ್ಟಿಗೆ ಹಾಕಿದ್ದೆ. ಆ ಏಳೆಂಟು ಸೆಕೆಂಡು ಖಾಲಿಯಾಗಿರಲಿಲ್ಲ. ಹನ್ನೊಂದು ವರ್ಷದಿಂದ ದಿನಕ್ಕೆ ಹತ್ತಿಪ್ಪತ್ತು ಸಲ ಆಕೆ ಮಾಡುತ್ತಾ ಬಂದ ಕೆಲಸ ಅದು. ಅದನ್ನು ಆಕೆಗೆ ಯಾರೂ ಕಲಿಸಿರಲಿಲ್ಲ.

ಕೊಳಲು ತೆಗೆದೆ. ಕತ್ತರಿಸಿದ ಆರನ್ನೂ ವಾಪಸು ಜೋಡಿಸಿದೆ. ಈ ಚಿತ್ರಕ್ಕೆ ಬೇಕಾದದ್ದು ಕಿವಿ ಎಂದು ಅಷ್ಟು ಹೊತ್ತಿಗೆ ನನ್ನಂಥವಳಿಗೂ ಹೊಳೆದಿತ್ತು. ಪರಿಚಯದವರಿಂದ ಒಂದು ಒಳ್ಳೆಯ ರೆಕಾರ್ಡರನ್ನೂ, ಗಾಳಿಯ ಸದ್ದು ತಡೆಯುವ ತುಪ್ಪಳದ ಹೊದಿಕೆಯಿದ್ದ ಮೈಕನ್ನೂ ತಂದೆ. ಮುಂದಿನ ವಾರ ನರ್ಸರಿಯಲ್ಲಿ ಎಲೆಯ ಮೇಲೆ ನೀರು ಬೀಳುವ ಸದ್ದು ಹಿಡಿಯೋಣವೆಂದು ಮೈಕಿನ ಮಟ್ಟ ಏರಿಸಿಟ್ಟೆ. ಹೆಡ್‌ಫೋನಿನಲ್ಲಿ ಎಷ್ಟು ಚಂದ ಕೇಳುತ್ತಿತ್ತೆಂದರೆ, ಮದುವೆಮನೆಯಲ್ಲಿ ಹೆಣ್ಣಿನ ತಾಯಿಗೆ ಮಗಳ ದನಿ ಕೇಳಿಸುವ ಅಭ್ಯಾಸದಲ್ಲೇ, ಕೇಳಿ ಅಕ್ಕ ಎಂದು ಅದನ್ನು ತೆಗೆದು ಅವರ ಕಿವಿಗೆ ಹಾಕಿಬಿಟ್ಟೆ.

ಸಸಿಯ ಮಡಿಯ ಆ ತುದಿಯಲ್ಲಿ ಇಬ್ಬರು ಹೆಂಗಸರು ಬೆನ್ನು ಹಾಕಿ ಕೂತು ಮಾತಾಡುತ್ತಿದ್ದರು. ಬರಿಗಿವಿಗೆ ಕೇಳುವಷ್ಟು ಹತ್ತಿರ ಇರಲಿಲ್ಲ. ಹೆಡ್‌ಫೋನಿನಲ್ಲಿ ಅವರು ಕಿವಿಯ ಒಳಗೇ ಕೂತಂತಿದ್ದರು. ಅಕ್ಕನ ಮುಖದ ಬಣ್ಣ ಹೋಯಿತು. ಅವರು ಕಿರುಚಲಿಲ್ಲ, ಹೆಡ್‌ಫೋನು ಕಿತ್ತೆಸೆಯಲೂ ಇಲ್ಲ. ಎರಡೂ ಕೈಯಿಂದ ಮೆಲ್ಲಗೆ ತೆಗೆದು ಗೋಣಿಚೀಲದ ಮೇಲಿಟ್ಟರು. ನಲ್ಲಿಯ ಹತ್ತಿರ ಹೋಗಿ ಮುಖ ತೊಳೆದರು. ಆಮೇಲೆ ನೆಟ್ಟಗೆ ಮಡಿಯ ಆ ತುದಿಗೆ ನಡೆದು, ಆ ಇಬ್ಬರು ಹೆಂಗಸರ ಎದುರು ನಿಂತು, ಅವರ ಬಾಯನ್ನು ನೋಡಿದರು. ಎಷ್ಟೋ ಹೊತ್ತು ನೋಡಿದರು. ಆಮೇಲೆ ಬಂದು ಕೊಟ್ಟೆ ತುಂಬಲು ಕೂತರು.

ಅಲ್ಲಿಂದಲೇ ಶಿಬಿರದ ವೈದ್ಯರಿಗೆ ಫೋನು ಮಾಡಿ ಇದ್ದದ್ದನ್ನು ಹೇಳಿದೆ. ಅವರು ಬೈಯಲಿಲ್ಲ. ಬೈದಿದ್ದರೆ ಒಳ್ಳೆಯದಿತ್ತು. ಇವತ್ತೇ ತಾನು ಆಕೆಯ ಜೊತೆ ಮಾತಾಡುತ್ತೇನೆ, ಶಿಬಿರದ ದಿನ ನೋಡಿ ಹೇಳುವವರೆಗೆ ಚಿತ್ರೀಕರಣ ನಿಲ್ಲಿಸಿ ಎಂದರು. ಹದಿನೆಂಟು ದಿನ ನಾನು ಆ ಕಡೆ ಹೋಗಲಿಲ್ಲ. ಕೈಗೆ ಬಂದ ಉಪನಯನದ ವಿಡಿಯೊವೊಂದನ್ನು ಎಡಿಟ್ ಮಾಡುತ್ತಾ ವಟುವಿನ ತಲೆಯನ್ನೇ ಅರ್ಧ ಕತ್ತರಿಸಿದೆ. ಆಕೆಗೆ ಮತ್ತೆ ಕಾಯಿಲೆ ಮರುಕಳಿಸಿದರೆ ಏನು ಗತಿ ಎಂಬ ಹೆದರಿಕೆ ಬಿಟ್ಟರೆ ಬೇರೆ ಏನೂ ತಲೆಯಲ್ಲಿರಲಿಲ್ಲ.

ಶಿಬಿರದ ದಿನ ಯಲ್ಲಾಪುರಕ್ಕೆ ಕ್ಯಾಮೆರಾ ಇಲ್ಲದೆ ಹೋದೆ. ಆ ವೈದ್ಯರ ಕ್ರಮ ನನಗೆ ತುಂಬಾ ಹಿಡಿಸಿತು. ಮೇಜಿನ ಹಿಂದೆ ಕೂರುವುದಿಲ್ಲ, ಬಂದವರ ಪಕ್ಕದಲ್ಲಿ ಅದೇ ಬೆಂಚಿನ ಮೇಲೆ ಕೂರುತ್ತಾರೆ. ಕಾಯಿಲೆ ಹೇಗಿದೆ ಎಂದು ಕೇಳುವುದಿಲ್ಲ. ಊಟ ಸೇರುತ್ತದೆಯೇ, ಎಷ್ಟು ಗಂಟೆಗೆ ಎಚ್ಚರವಾಗುತ್ತದೆ, ಈ ತಿಂಗಳು ಯಾರ ಮನೆಗೆ ಹೋಗಿದ್ದೆ ಎಂದು ಕೇಳುತ್ತಾರೆ. ಅಕ್ಕ ಅತ್ತಿಗೆಯ ಜೊತೆ ಬಂದಿದ್ದರು. ವೈದ್ಯರು ಅಕ್ಕನೊಬ್ಬರ ಜೊತೆಯೇ ಅರ್ಧ ಗಂಟೆ ಮಾತಾಡಿ ನನ್ನನ್ನು ಕರೆದರು. ಆಕೆ ಚೆನ್ನಾಗಿದ್ದಾಳೆ, ಹೆದರಿದ್ದಳು, ತಾನೇ ಸುಧಾರಿಸಿಕೊಂಡಿದ್ದಾಳೆ ಎಂದರು. ಚಿತ್ರ ಮುಂದುವರಿಸುವುದೋ ಬಿಡುವುದೋ ಆಕೆಗೆ ಬಿಟ್ಟದ್ದು, ನೀವು ಒತ್ತಾಯಿಸಬೇಡಿ ಎಂದೂ ಹೇಳಿದರು.

ನಾನು ಒತ್ತಾಯಿಸುವ ಸ್ಥಿತಿಯಲ್ಲೇ ಇರಲಿಲ್ಲ. ಹೊರಗೆ ಬಂದ ಅಕ್ಕನೇ, ಆ ಕಿವಿಗೆ ಹಾಕುವುದನ್ನು ತಂದಿದ್ದೀಯಾ ಎಂದು ಕೇಳಿದರು. ಕಾರಿನಲ್ಲಿತ್ತು. ವೈದ್ಯರು ಐದೇ ನಿಮಿಷ ಎಂದು ಹೇಳಿ ಪಕ್ಕದಲ್ಲೇ ನಿಂತರು. ಈ ಸಲ ಅಕ್ಕ ಹೆಡ್‌ಫೋನನ್ನು ತಾವೇ ಹಾಕಿಕೊಂಡರು. ರೆಕಾರ್ಡರಿನ ಬದಿಯಲ್ಲಿ ದನಿ ಏರಿಸಿ ಇಳಿಸುವ ಸಣ್ಣ ತಿರುಪು ಇತ್ತು. ಅದು ಏನೆಂದು ಕೇಳಿ, ಒಮ್ಮೆ ಪೂರ್ತಿ ಇಳಿಸಿದರು. ಸ್ವಲ್ಪ ಏರಿಸಿದರು. ಮತ್ತೆ ಇಳಿಸಿದರು.

"ಆವಾಗ ಈ ತಿರುಪು ನನ್ನ ಕೈಲಿ ಇರ್ಲಿಲ್ಲ," ಎಂದರು. "ಮಾತ್ರೆ ಅಂದ್ರೂ ಇದೇಯ. ದನಿ ಪೂರಾ ಬಂದ್ ಆಗೂದಿಲ್ಲ. ಪಕ್ಕದ ಮನೆ ರೇಡಿಯೊ ಆಗ್ತದೆ."

ವೈದ್ಯರು ತಮ್ಮ ಜೇಬಿನ ಪುಸ್ತಕದಲ್ಲಿ ಅದನ್ನು ಬರೆದುಕೊಂಡರು. ಚಿತ್ರದ ಶಬ್ದದ ಮಟ್ಟ ನಾನು ಕೂರಿಸುವುದಲ್ಲ, ತಿರುಪು ಅಕ್ಕನ ಕೈಯಲ್ಲೇ ಇರುತ್ತದೆ, ಅವರು ತಿರುಗಿಸಿದ ಹಾಗೆಯೇ ನೋಡುವವರಿಗೂ ಕೇಳಬೇಕು ಎಂದು ಅಲ್ಲೇ ನಿಶ್ಚಯವಾಯಿತು.

ಅತ್ತಿಗೆ ಮಾತ್ರೆ ತರಲು ಸಾಲಿನಲ್ಲಿ ನಿಂತಿದ್ದಾಗ ಅಕ್ಕ ತಮ್ಮ ಷರತ್ತಿನ ಕಾರಣ ಹೇಳಿದರು. ಕಾಯಿಲೆ ಶುರುವಾದಾಗ ಅವರಿಗೆ ಗೋಡೆಯಾಚೆಯಿಂದ ಅತ್ತಿಗೆಯ ದನಿ ಕೇಳುತ್ತಿತ್ತು. ಕೆಟ್ಟ ಬೈಗುಳ, ಮನೆ ಬಿಟ್ಟು ಹೋಗು ಎಂಬ ಮಾತು. ಇವರು ಊರಿಗೆಲ್ಲ ಹೇಳಿದರು. ಅತ್ತಿಗೆ ಇಲ್ಲ ಎಂದರು. ಊರು ಎರಡು ಭಾಗವಾಯಿತು. ಕೊನೆಗೆ ಊರಿನ ಹಿರಿಯರು ಇಬ್ಬರನ್ನೂ ದೇವರ ಗುಡಿಗೆ ಕರೆಸಿ ದೀಪ ಮುಟ್ಟಿಸಿದರು. ಆ ಮಾತು ನನ್ನ ಬಾಯಿಂದ ಬಂದದ್ದಲ್ಲ ಎಂದು ಅತ್ತಿಗೆ ಪ್ರಮಾಣ ಮಾಡಿದರು. ನಾನು ಕೇಳಿದ್ದು ನಿಜ ಎಂದು ಇವರೂ ಪ್ರಮಾಣ ಮಾಡಿದರು. ಹೀಗೆ ಎದುರುಬದುರು ದೀಪ ಮುಟ್ಟಿದವರು ಪ್ರಮಾಣ ಬಿಡಿಸುವ ತನಕ ಒಂದು ಪಾತ್ರೆಯ ಅನ್ನ ಉಣ್ಣಬಾರದೆಂಬುದು ಆ ಊರಿನ ಕಟ್ಟಳೆ. ಅಂದಿನಿಂದ ಒಂದೇ ಮನೆಯಲ್ಲಿ ಎರಡು ಒಲೆ.

ಇಷ್ಟಾದ ಮೇಲೂ, ಇವರನ್ನು ಮೊದಲ ಸಲ ಶಿಬಿರಕ್ಕೆ ಕರೆದುಕೊಂಡು ಬಂದವರು ಅದೇ ಅತ್ತಿಗೆ. ತನ್ನ ಮೇಲೆ ದೂರು ಹೊರಿಸಿದವಳ ಕೈ ಹಿಡಿದು, ಎರಡು ಬಸ್ಸು ಬದಲಿಸಿ, ಸಂಜೆಯವರೆಗೆ ಕಾದು ಕೂತ ಹೆಂಗಸು. ಅಕ್ಕ ಗುಣವಾದ ಮೇಲೆ ಹಿರಿಯರು, ನಾನು ಸುಳ್ಳು ಹೇಳಿದ್ದೆ ಎಂದು ದೇವರ ಎದುರು ಒಂದು ಮಾತು ಹೇಳು, ಪ್ರಮಾಣ ಬಿಡಿಸುವ ಎಂದರಂತೆ. ಅಕ್ಕ ಒಪ್ಪಲಿಲ್ಲ. ಅವರ ಕಿವಿಗೆ ಆ ದನಿ ಕೇಳಿಸಿದ್ದು ಸುಳ್ಳಾಗಿರಲಿಲ್ಲ. ಆದರೆ ಇವರು ಒಪ್ಪದೆ ಇದ್ದುದರಿಂದ ಊರಿನ ಕೆಲವರ ಕಣ್ಣಲ್ಲಿ ಅತ್ತಿಗೆ ಇವತ್ತಿಗೂ ನಾದಿನಿಯನ್ನು ಬೈದು ಹುಚ್ಚು ಹಿಡಿಸಿದವಳು. "ಅದನ್ನ ತೊಳೀಬೇಕು ತಂಗಿ," ಎಂದರು ಅಕ್ಕ. "ಸುಳ್ಳು ಹೇಳ್ದೇ ತೊಳೀಬೇಕು. ಅದ್ಕೇ ನಿನ್ನ ಸಿನೆಮಾ."

ನಾನು ಒಂದು ಕಿರುಚಿತ್ರ ಮಾಡುತ್ತಿದ್ದೇನೆ ಎಂದುಕೊಂಡಿದ್ದೆ. ಅವರು ನನ್ನ ಕೈಯಲ್ಲಿ ಒಂದು ಮನೆಯನ್ನು ಇಟ್ಟಿದ್ದರು.

ಈಗ ಚಿತ್ರಕ್ಕೆ ಆ ದನಿ ಬೇಕಾಯಿತು. ಸಿರ್ಸಿಯ ನಾಟಕದ ಕಲಾವಿದೆಯೊಬ್ಬರಿಂದ ಬೈಗುಳಗಳನ್ನು ಹೇಳಿಸಿ ರೆಕಾರ್ಡ್ ಮಾಡಿದೆ. ಆಕೆ ಬಹಳ ಚೆನ್ನಾಗಿಯೇ ಬೈದರು. ಅಕ್ಕ ಕೇಳಿ, ಇದು ಯಾರೋ, ಇವರು ಬೈದರೆ ನಂಗೆಂತ ಎಂದು ತಳ್ಳಿಹಾಕಿದರು. ಬೇರೆ ದಾರಿ ಕಾಣದೆ, ನಾಚಿಕೆ ಬಿಟ್ಟು ಅತ್ತಿಗೆಯನ್ನೇ ಕೇಳಿದೆ. ಅವರು ಪಾತ್ರೆ ತಿಕ್ಕುತ್ತಿದ್ದವರು ಕೈ ನಿಲ್ಲಿಸಿದರು.

"ಆ ಮಾತು ನನ್ನ ಬಾಯಿಂದ ಬಂದದ್ದಲ್ಲ ಅಂತ ದೀಪ ಮುಟ್ಟಿದ್ದೆ. ಈಗ ಸಿನೆಮಾಕ್ಕೆ ಅಂತ ಹೇಳಿದ್ರೂ ಬಂದ್ಹಂಗೇ ಅಲ್ದಾ?"

ಕ್ಷಮಿಸಿ ಎಂದು ಎದ್ದು ಬಂದೆ. ದನಿಯೇ ಬೇಡ, ಪರದೆ ಕಪ್ಪು ಮಾಡಿ ಅಕ್ಷರ ಹಾಕಿಬಿಡೋಣ ಎಂದು ಅರೆಮನಸ್ಸಿನಿಂದ ತೀರ್ಮಾನಿಸಿದೆ. ಅದನ್ನು ಹೇಳಲು ಹೋದಾಗ ಅಕ್ಕ ನನ್ನನ್ನೇ ತಿದ್ದಿದರು. ಬೈಗುಳ ಯಾತಕ್ಕೆ ಎಂದರು. ಅತ್ತಿಗೆ ದಿನಾ ಏನು ಮಾತಾಡುತ್ತಾಳೋ ಅದನ್ನೇ ಮಾತಾಡಲಿ, ನೀನು ಮೈಕನ್ನು ಗೋಡೆಯ ನನ್ನ ಕಡೆಗೆ ಇಡು. "ಬಾಯಿಂದ ಹೊರಟದ್ದು ಒಳ್ಳೇ ಮಾತೇ ಇರ್ಬೇಕು. ನನ್ನ ಕಿವಿಗೆ ಬರೂದ್ರೊಳಗೆ ಬೇರೆ ಆಗ್ತಿತ್ತು."

ಇಪ್ಪತ್ತು ವರ್ಷ ಈ ಕೆಲಸ ಮಾಡಿದ ನನಗೆ ಹೊಳೆಯದ್ದು ಕೊಟ್ಟೆಗೆ ಮಣ್ಣು ತುಂಬುವ ಹೆಂಗಸಿಗೆ ಹೊಳೆದಿತ್ತು. ಪ್ರಮಾಣಕ್ಕೂ ಪೆಟ್ಟಿಲ್ಲ, ಚಿತ್ರಕ್ಕೂ ಇದಕ್ಕಿಂತ ನಿಜವಾದದ್ದು ಇನ್ನೊಂದಿಲ್ಲ.

ಮರುದಿನ ಬೆಳಿಗ್ಗೆಯೇ ಕೆಲಸ ಶುರು ಮಾಡಿದೆವು. ಅಕ್ಕನ ಕೋಣೆಗೂ ಅಡುಗೆಮನೆಗೂ ನಡುವೆ ದಪ್ಪನೆಯ ಮಣ್ಣಿನ ಗೋಡೆ. ಅದರಿಂದ ಒಂದು ಗೇಣು ಈಚೆಗೆ ಮೈಕು ನಿಲ್ಲಿಸಿದೆ. ಕಿಟಕಿಗೆ ಕಂಬಳಿ ಕಟ್ಟಿದೆ. ಕೋಳಿಗಳನ್ನು ಅಣ್ಣ ದೂರ ಅಟ್ಟಿದರು. ತಂತಿಯನ್ನು ಕವಲು ಮಾಡಿ ಒಂದು ಹೆಡ್‌ಫೋನು ಅಕ್ಕನಿಗೆ, ಒಂದು ನನಗೆ. ತಿರುಪು ಅವರ ಕೈಯಲ್ಲಿ. ಅತ್ತಿಗೆಗೆ ಮೈಕಿದೆ ಎಂದು ಗೊತ್ತಿದ್ದದ್ದೇ ತೊಂದರೆಯಾಯಿತು. ಮೊದಲ ಸಲ ಶಾಲೆಯಲ್ಲಿ ಪ್ರಾರ್ಥನೆ ಹೇಳುವವರ ಹಾಗೆ, ಅನ್ನ ಆಗಿದೆ, ಸಾರು ಆಗಿದೆ ಎಂದು ಒದರಿದರು. ಎರಡನೆಯ ಸಲ ನಗು ತಡೆಯಲಾಗದೆ ನಿಂತಿತು. ಮೂರನೆಯ ಸಲಕ್ಕೆ ಬೇಸರ ಬಂದು ಮೈಕನ್ನು ಮರೆತು ತಮ್ಮ ಪಾಡಿಗೆ ಕೆಲಸಕ್ಕೆ ತೊಡಗಿದರು.

ಮಾತುಗಳನ್ನು ಗೋಡೆ ನುಂಗಿತ್ತು. ಉಳಿದದ್ದು ದನಿಯ ಏರಿಳಿತ ಮಾತ್ರ. ಅಕ್ಕ ಕಣ್ಣು ಮುಚ್ಚಿ ತಿರುಪನ್ನು ನಿಧಾನಕ್ಕೆ ಏರಿಸುತ್ತಾ ಹೋದರು. ಕೊನೆಯ ಗೆರೆಗೆ ಬಂದು ಅಲ್ಲೇ ಹಿಡಿದರು. ಸಾಕು ಅಕ್ಕ ಎನ್ನಲು ಬಾಯಿ ತೆರೆದೆ, ಅವರು ಇನ್ನೊಂದು ಕೈಯಿಂದ ಸುಮ್ಮನಿರು ಎಂದು ಸನ್ನೆ ಮಾಡಿದರು. ಆ ಮಟ್ಟದಲ್ಲಿ ಆ ದನಿ ನನ್ನ ತಲೆಯೊಳಗಿತ್ತು. ಒಂದು ಶಬ್ದವೂ ಅರ್ಥವಾಗುತ್ತಿರಲಿಲ್ಲ, ಆದರೆ ಯಾರೋ ನನ್ನ ಬಗ್ಗೆಯೇ, ನನಗೆ ಆಗದ್ದನ್ನೇ ಮಾತಾಡುತ್ತಿದ್ದಾರೆ ಎಂದು ನನಗೂ ಅನ್ನಿಸತೊಡಗಿತು. ನನಗೆ ಅದು ಒಂದು ನಿಮಿಷ. ಇವರಿಗೆ ತಿಂಗಳುಗಟ್ಟಲೆ, ತಿರುಪಿಲ್ಲದೆ. ನನಗೆ ಅಳು ಬಂತು. ಅಕ್ಕ ಅಳಲಿಲ್ಲ. ತಿರುಪನ್ನು ಒಂದೊಂದೇ ಗೆರೆ ಇಳಿಸಿ, ಹೆಡ್‌ಫೋನು ತೆಗೆದಿಟ್ಟು, ಎದ್ದು ಅಡುಗೆಮನೆಯ ಬಾಗಿಲಿಗೆ ಹೋಗಿ ಅತ್ತಿಗೆಯ ಬಾಯಿ ನೋಡಿ ಬಂದರು. ಆ ಮೂರು ನಿಮಿಷ ಚಿತ್ರದಲ್ಲಿ ಕತ್ತರಿ ಮುಟ್ಟದೆ ಹಾಗೆಯೇ ಇದೆ.

ಬೇಸಗೆ ರಜೆಯ ಒಂದು ಮಧ್ಯಾಹ್ನ ಊರಿನ ಶಾಲೆಯ ಕೋಣೆಯಲ್ಲಿ, ಕಿಟಕಿಗಳಿಗೆ ಗೋಣಿ ಕಟ್ಟಿ, ಚಿತ್ರ ತೋರಿಸಿದೆವು. ಹಿರಿಯರು ಮುಂದಿನ ಬೆಂಚಿನಲ್ಲಿ ಕೂತಿದ್ದರು. ಮುಗಿದಾಗ ಯಾರೂ ಚಪ್ಪಾಳೆ ತಟ್ಟಲಿಲ್ಲ. ಗೋಡೆಯದ್ದನ್ನು ಇನ್ನೊಮ್ಮೆ ಹಾಕಿ ಎಂದರು, ಅಂದು ದೀಪ ಮುಟ್ಟಿಸಿದ್ದ ಹಿರಿಯರೊಬ್ಬರು. ಹಾಕಿದೆ. ಅವರು ಈ ಸಲ ಕಣ್ಣು ಮುಚ್ಚಿ ಕೇಳಿದರು. ಆಮೇಲೆ ಅತ್ತಿಗೆಯ ಕಡೆ ತಿರುಗಿ, ನೀನು ಆಗ ಏನು ಹೇಳುತ್ತಿದ್ದೆ ಎಂದು ಕೇಳಿದರು. ಬೆಕ್ಕು ಹಾಲಿಗೆ ಬಾಯಿ ಹಾಕಿತ್ತು, ಅದಕ್ಕೆ ಹೇಳುತ್ತಿದ್ದೆ, ಆಮೇಲೆ ಇವಳಿಗೆ ಮಾತ್ರೆ ತಗೊಂಡ್ಯಾ ಅಂತ ಕೇಳಿದೆ ಎಂದರು ಅತ್ತಿಗೆ. ಕೋಣೆಯೆಲ್ಲ ನಕ್ಕಿತು, ಹಿರಿಯರು ನಗಲಿಲ್ಲ. ಅಕ್ಕನನ್ನು ಕೇಳಿದರು, "ಈಗ ನೀ ಎಂತ ಹೇಳ್ತೆ?"

ಅಕ್ಕ ಎದ್ದು ನಿಂತರು. "ಆವಾಗ ಹೇಳಿದ್ದೇಯ. ನಾ ಕೇಳಿದ್ದು ಖರೆ. ಅತ್ತಿಗೆ ಹೇಳ್ಲಿಲ್ಲ ಅನ್ನೂದೂ ಖರೆ."

"ಎರಡೂ ಖರೆ ಆಗ್ಲಿಕ್ಕೆ ಬರ್ತದೆ ಅಂತ ನಂಗೆ ಹೊಳೀಲಿಲ್ಲ," ಎಂದರು ಹಿರಿಯರು. "ಹನ್ನೊಂದು ವರ್ಷ ಎರಡು ಒಲೆ ಹಚ್ಚಿಸ್ದೆ." ಅಷ್ಟು ಜನರೆದುರು ತಮ್ಮ ತಪ್ಪನ್ನು ಹೀಗೆ ಒಪ್ಪಿಕೊಳ್ಳುವ ಹಿರಿಯರನ್ನು ನಾನು ಹೆಚ್ಚು ಕಂಡಿಲ್ಲ.

ಮುಂದಿನ ಸೋಮವಾರ ಗುಡಿಯಲ್ಲಿ ಪ್ರಮಾಣ ಬಿಡಿಸಿದರು. ಚಿತ್ರದ ಕೊನೆಗೆ ಇದು ಸಿಕ್ಕರೆ ಎಷ್ಟು ಚೆನ್ನ ಎಂದು ನನಗೆ ಆಸೆಯಾಗಿದ್ದು ಸುಳ್ಳಲ್ಲ. ಕೇಳಿದೆ. ಬೇಡ ಎಂದರು ಅತ್ತಿಗೆ. ಕ್ಯಾಮೆರಾವನ್ನು ಕಾರಿನಲ್ಲೇ ಬಿಟ್ಟು ನಡೆದೆ. ಇಬ್ಬರೂ ಒಟ್ಟಿಗೆ ದೀಪ ಮುಟ್ಟಿ, ಅಕ್ಕ ಅದೇ ಎರಡು ಮಾತನ್ನು ಹೇಳಿದರು. ಪೂಜಾರಿ ಇಬ್ಬರಿಗೂ ಒಂದೇ ಬಟ್ಟಲಿನಿಂದ ತೀರ್ಥ ಕೊಟ್ಟರು. ಎರಡು ನಿಮಿಷದಲ್ಲಿ ಮುಗಿಯಿತು.

ಮನೆಗೆ ಬಂದು ನಾನು ಅಕ್ಕನ ಕೋಣೆಯಲ್ಲಿ ಕೂತೆ. ಅಕ್ಕ ಮೊರದಲ್ಲಿ ನರ್ಸರಿಯ ಬೀಜ ಹಾಕಿಕೊಂಡು ಪೊಳ್ಳು ಆರಿಸುತ್ತಿದ್ದರು. ಗೋಡೆಯಾಚೆ ಅವತ್ತು ಒಂದೇ ಒಲೆ ಉರಿಯುತ್ತಿತ್ತು, ಒಂದೇ ಪಾತ್ರೆಯಲ್ಲಿ ಅನ್ನ ಬೇಯುತ್ತಿತ್ತು. ಸ್ವಲ್ಪ ಹೊತ್ತಿಗೆ ಅತ್ತಿಗೆ ಊಟಕ್ಕೆ ಕರೆದ ದನಿ ಕೇಳಿತು. ಅಭ್ಯಾಸಬಲದಿಂದ ನಾನು ಮನಸ್ಸಿನಲ್ಲೇ ಸೆಕೆಂಡು ಎಣಿಸಲು ಹೊರಟೆ. ಒಂದು ಎನ್ನುವಷ್ಟರಲ್ಲಿ, ಮೊರದಿಂದ ತಲೆ ಎತ್ತದೆ, ಕೂತಲ್ಲಿಂದಲೇ ಅಕ್ಕ "ಬಂದೆ" ಎಂದರು.